ಹಗೇವಿನ ಬಾಯಿ, ತೂಬಿನ ಬಾಯಿ: ಬೇಸಾಯ ಬದಲಾದಾಗ ಊರಿಗೆ ಏನಾಗುತ್ತದೆ?

ಪ್ರಶ್ನೆ: ನಮ್ಮದು ಚಿಂತಾಮಣಿ ತಾಲ್ಲೂಕಿನ ಒಂದು ಹಳ್ಳಿ. ತಾತ ಕೆರೆಯ ಕೆಳಗೆ ಭತ್ತ, ಬೆದ್ದಲಿನಲ್ಲಿ ರಾಗಿ ಬೆಳೆಯುತ್ತಿದ್ದರು. ಅಪ್ಪ ಕೊಳವೆಬಾವಿ ಕೊರೆಸಿ ಹಿಪ್ಪುನೇರಳೆ ಹಾಕಿದರು. ನಾನು ಟೊಮೆಟೊ ಬೆಳೆದು ಕೋಲಾರದ ಮಂಡಿಗೆ ಹಾಕುತ್ತೇನೆ. ಮೂರೇ ತಲೆಮಾರಿನಲ್ಲಿ ಊರಿನ ಗುರುತು ಸಿಗದಂತಾಗಿದೆ. ಎಂಟನೇ ತರಗತಿಯಲ್ಲಿರುವ ಮಗಳು ಮೊನ್ನೆ ‘ಬೇಸಾಯ ಕಲಿತ ಮೇಲೆ ಮನುಷ್ಯ ನಾಗರಿಕನಾದ’ ಎಂದು ಉರು ಹೊಡೆಯುತ್ತಿದ್ದಳು. ಬೇಸಾಯಕ್ಕೆ ನಿಜವಾಗಿಯೂ ಅಷ್ಟು ಶಕ್ತಿ ಇದೆಯೇ? ಪ್ರಪಂಚದ ಚರಿತ್ರೆಯಲ್ಲಿ ಆದದ್ದಕ್ಕೂ ನಮ್ಮೂರಿನಲ್ಲಿ ಆದದ್ದಕ್ಕೂ ಸಂಬಂಧ ಉಂಟೇ? ಒಟ್ಟಿನಲ್ಲಿ ಒಳ್ಳೆಯದಾಯಿತೋ ಕೆಟ್ಟದಾಯಿತೋ?

ಉತ್ತರ: ನಿಮ್ಮ ತಾತನ ಬೆದ್ದಲಿನಿಂದಲೇ ಶುರು ಮಾಡುತ್ತೇನೆ. ರಾಗಿಯ ನಡುವೆ ಅವರು ಅಕ್ಕಡಿ ಸಾಲು ಹಾಕಿರುತ್ತಾರೆ. ಇಷ್ಟು ಸಾಲು ರಾಗಿಗೆ ಒಂದು ಸಾಲು ಅವರೆ, ತೊಗರಿ, ಜೋಳ, ಹುಚ್ಚೆಳ್ಳು. ಬದುವಿನ ಅಂಚಿಗೆ ನಾಲ್ಕು ಹರಳು ಗಿಡ. ಇದಕ್ಕಿಂತ ಅಪ್ಪಟ ಬಯಲುಸೀಮೆಯ ಹೊಲ ಇನ್ನೊಂದಿಲ್ಲ ಎನಿಸುತ್ತದೆ. ಆದರೆ ರಾಗಿ ಮೊದಲು ಪಳಗಿದ್ದು ಪೂರ್ವ ಆಫ್ರಿಕಾದ ಎತ್ತರದ ನಾಡಿನಲ್ಲಿ, ಇಥಿಯೋಪಿಯಾ ಮತ್ತು ಉಗಾಂಡಾದ ಕಡೆ. ಹುಚ್ಚೆಳ್ಳೂ ಇಥಿಯೋಪಿಯಾದ್ದು. ಜೋಳ ಸುಡಾನ್ ಸೀಮೆಯಿಂದ ಬಂತು. ಅವರೆಯ ಕಾಡುಬಂಧುಗಳೂ ಆಫ್ರಿಕಾದಲ್ಲಿವೆ. ಆ ಸಾಲುಗಳಲ್ಲಿ ಈ ದೇಶದಲ್ಲೇ ಹುಟ್ಟಿ ಬೆಳೆದದ್ದು ಎಂದು ಧೈರ್ಯವಾಗಿ ಹೇಳಬಹುದಾದದ್ದು ತೊಗರಿಯೊಂದೇ. ಹೀಗಾಗಿ ನಿಮ್ಮೂರಿಗೂ ಪ್ರಪಂಚಕ್ಕೂ ಸಂಬಂಧ ಉಂಟೇ ಎಂಬ ಪ್ರಶ್ನೆಗೆ ಉತ್ತರ ಹೊಲದಲ್ಲೇ ಇದೆ.

ಪಾಠಪುಸ್ತಕದ ಆ ವಾಕ್ಯ ಓದಿದರೆ ಯಾರೋ ಒಬ್ಬ ಬುದ್ಧಿವಂತ ಒಂದು ದಿನ ಬೀಜ ನೆಟ್ಟ, ಮರುದಿನ ಊರು ಕಟ್ಟಿದ ಎಂಬಂತಿದೆ. ಆದದ್ದು ಹಾಗಲ್ಲ. ಎಳ್ಳು ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕಾಯಿ ಬಾಯಿ ಬಿಡುವ ಮುನ್ನವೇ ಕೊಯ್ದು ಗೂಡು ಹಾಕದಿದ್ದರೆ ಎಳ್ಳೆಲ್ಲ ನೆಲದ ಪಾಲು. ಕಾಡಿನ ಗೋಧಿ, ಕಾಡಿನ ಬಾರ್ಲಿಯೂ ಹಾಗೆಯೇ. ಮಾಗಿದ ಕೂಡಲೇ ತೆನೆ ಮುರಿದು ಕಾಳು ಉದುರುತ್ತಿತ್ತು. ಸಾವಿರ ತೆನೆಯಲ್ಲಿ ಎಲ್ಲೋ ಒಂದು ಉದುರದೆ ನಿಲ್ಲುತ್ತಿತ್ತು. ಗಿಡದ ಲೆಕ್ಕದಲ್ಲಿ ಅದೊಂದು ಊನ, ಕೊಯ್ಯುವವಳ ಲೆಕ್ಕದಲ್ಲಿ ಲಾಭ. ಅಂಥ ತೆನೆಯೇ ಹೆಚ್ಚಾಗಿ ಬುಟ್ಟಿಗೆ ಬಂತು, ಅದೇ ಮತ್ತೆ ಬಿತ್ತನೆಗೆ ಹೋಯಿತು. ಯೂಫ್ರಟಿಸ್, ಟೈಗ್ರಿಸ್ ನದಿಗಳ ಮೇಲ್ಭಾಗದ ಸೀಮೆಯಲ್ಲಿ ಸುಮಾರು 11,000 ವರ್ಷಗಳ ಹಿಂದೆ ಆರಂಭವಾದ ಈ ಆಯ್ಕೆ ಮುಗಿಯಲು ಒಂದೆರಡು ಸಾವಿರ ವರ್ಷವೇ ಹಿಡಿಯಿತು. ಚೀನಾದಲ್ಲಿ ಭತ್ತ ಮತ್ತು ನವಣೆ, ಮೆಕ್ಸಿಕೋದಲ್ಲಿ ಮುಸುಕಿನ ಜೋಳ ಪಳಗಿದವು. ಒಬ್ಬರನ್ನು ನೋಡಿ ಒಬ್ಬರು ಕಲಿತದ್ದಲ್ಲ, ಅವರವರ ಪಾಡಿಗೆ ಅವರು.

ಕರ್ನಾಟಕವೂ ಆ ಪಟ್ಟಿಯಲ್ಲಿದೆ. ಬಳ್ಳಾರಿ, ರಾಯಚೂರು ಕಡೆಯ ಬೂದಿದಿಬ್ಬಗಳನ್ನು ನೋಡಿದ್ದೀರಾ? ಸಗಣಿಯನ್ನು ರಾಶಿ ಹಾಕಿ, ಆಗಾಗ ಸುಟ್ಟು, ಬೂದಿಯೇ ಗುಡ್ಡವಾದ ಜಾಗಗಳು. ನಾಲ್ಕೈದು ಸಾವಿರ ವರ್ಷಗಳ ಹಿಂದೆ ಅಲ್ಲಿದ್ದ ದನಗಾಹಿಗಳು ಹುರುಳಿ, ಹೆಸರು ಮತ್ತು ಕೊರಲೆ ಬೆಳೆಯುತ್ತಿದ್ದರು. ಮೂರೂ ಈ ನೆಲದ ಬೆಳೆಗಳೇ. ಕೊರಲೆ ಈಗ ನಮ್ಮ ತುಮಕೂರು ಜಿಲ್ಲೆಯ ಮಧುಗಿರಿ, ಪಾವಗಡ, ಶಿರಾ ಕಡೆಯ ಒಣ ಹೊಲಗಳಲ್ಲಿ ಅಷ್ಟಿಷ್ಟು ಉಳಿದುಕೊಂಡಿದೆ. ಬೆಂಗಳೂರಿನ ಅಂಗಡಿಗಳಲ್ಲಿ ಅದಕ್ಕೆ ಸಿಗುವ ಬೆಲೆ ಕೇಳಿದರೆ ನಮ್ಮಜ್ಜಿ ನಗುತ್ತಿದ್ದಳು. ಅವಳ ಕಾಲಕ್ಕೆ ಕೊರಲೆ ಅನ್ನ ಎಂದರೆ ಬಡತನದ ಗುರುತು.

ಇನ್ನು ನಾಗರಿಕನಾದ ಮಾತು. ಅಗೆದು ತೆಗೆದ ಮೂಳೆಗಳು ಬೇರೆ ಕಥೆ ಹೇಳುತ್ತವೆ. ಬೇಟೆ, ಗೆಡ್ಡೆಗೆಣಸು, ಹಣ್ಣುಹಂಪಲು ತಿಂದು ಬದುಕಿದವರಿಗಿಂತ ಮೊದಲ ಬೇಸಾಯಗಾರರು ಅನೇಕ ಕಡೆ ಗಿಡ್ಡ. ಹಲ್ಲು ಹುಳುಕು, ರಕ್ತಹೀನತೆಯ ಗುರುತು ಹೆಚ್ಚು, ಬೀಸುವ ಕಲ್ಲಿನ ಮುಂದೆ ಮಂಡಿಯೂರಿ ಕೂತ ಹೆಂಗಸರ ಬೆನ್ನುಮೂಳೆ, ಕಾಲ್ಬೆರಳು ಸವೆದಿವೆ. ದನಕರುಗಳ ಜೊತೆ ಒತ್ತೊತ್ತಾಗಿ ಬದುಕಿದ್ದರಿಂದ ಹೊಸ ರೋಗಗಳೂ ಅಂಟಿಕೊಂಡವು. ಹಾಗಿದ್ದರೆ ಬಿಟ್ಟುಬಿಡಬಹುದಿತ್ತಲ್ಲ? ಆಗಲಿಲ್ಲ, ಏಕೆಂದರೆ ಮಕ್ಕಳು ಹೆಚ್ಚಾದವು. ಅಲೆಯುವ ತಾಯಿ ಎರಡು ಮಕ್ಕಳನ್ನು ಸೊಂಟದ ಮೇಲೆ ಹೊರಲಾರಳು, ಹಾಲು ಬಿಡಿಸಲು ಅವಳಿಗೆ ಮೆತ್ತನೆಯ ಆಹಾರವೂ ಇರಲಿಲ್ಲ. ಹೆರಿಗೆಗಳ ನಡುವೆ ಮೂರ್ನಾಲ್ಕು ವರ್ಷದ ಅಂತರ ತಾನಾಗಿಯೇ ಬೀಳುತ್ತಿತ್ತು. ಒಂದೆಡೆ ನೆಲೆ ನಿಂತವಳಿಗೆ ಕಾಳಿನ ಗಂಜಿ ಇತ್ತು. ನಮ್ಮಲ್ಲಿ ಕೂಸಿಗೆ ತಿನ್ನಿಸುವ ರಾಗಿ ಸರಿ ಇದೆಯಲ್ಲ, ಅಂಥದ್ದು. ಕೂಸು ಬೇಗ ಹಾಲು ಬಿಟ್ಟಿತು, ಮುಂದಿನದು ಬೇಗ ಬಂತು. ತಲೆಮಾರುಗಳು ಉರುಳಿದಂತೆ ಕಾಡು ಸಾಕಲಾರದಷ್ಟು ಜನರಾದರು. ಹಿಂದಿರುಗುವ ದಾರಿ ಮುಚ್ಚಿತು. ಕೊಳವೆಬಾವಿ ಕೊರೆಸಿ, ಸಾಲ ಮಾಡಿ, ಮತ್ತೆ ಬರೀ ರಾಗಿಗೆ ಮರಳಲಾರದವನ ಪಾಡೂ ಇದೇ ಜಾತಿಯದು.

ಇಲ್ಲಿಂದ ಮುಂದೆ ನಾನು ಕೇಳಿಕೊಳ್ಳುವ ಪ್ರಶ್ನೆ ಎಷ್ಟು ಬೆಳೆದರು ಎಂಬುದಲ್ಲ. ಕಾಳು ತುಂಬಿದ ಮೇಲೆ ಕಣಜದ ಬಾಯಿ ತೆರೆಯುವವರು ಯಾರು, ನೀರಿನ ಬಾಯಿ ತೆರೆಯುವವರು ಯಾರು ಎಂಬುದು. ಬೇಸಾಯ ಸಮಾಜವನ್ನು ಬದಲಿಸಿದ್ದು ಬಹುಪಾಲು ಈ ಎರಡು ಬಾಯಿಗಳ ಮೂಲಕ.

ಬಾಯಿ ಎಂದದ್ದು ಅಲಂಕಾರಕ್ಕಲ್ಲ. ಮಧುಗಿರಿ ತಾಲ್ಲೂಕಿನ ನಮ್ಮ ಅಜ್ಜಿಯ ಮನೆಯ ಮುಂದೆ ಒಂದು ಹಗೇವು ಇತ್ತು. ಗಟ್ಟಿ ನೆಲದಲ್ಲಿ ಗುಡಾಣದ ಆಕಾರಕ್ಕೆ ತೋಡಿದ ಗುಂಡಿ. ಹೊಟ್ಟೆ ದೊಡ್ಡದು, ಬಾಯಿ ಒಬ್ಬ ಆಳು ಇಳಿಯುವಷ್ಟೇ. ಸುತ್ತ ರಾಗಿಹುಲ್ಲು ಒತ್ತಿ, ರಾಗಿ ತುಂಬಿ, ಮೇಲೆ ಹುಲ್ಲು ಹೊದಿಸಿ, ಚಪ್ಪಡಿ ಇಟ್ಟು, ಮಣ್ಣು ಮೆತ್ತಿ ಸಾರಿಸಿಬಿಟ್ಟರೆ ಅಲ್ಲೊಂದು ಕಣಜ ಇದೆ ಎಂದು ಹೊಸಬರಿಗೆ ತಿಳಿಯುತ್ತಿರಲಿಲ್ಲ. ತೆರೆಯುವ ದಿನ ಮಕ್ಕಳನ್ನು ದೂರ ಅಟ್ಟುತ್ತಿದ್ದರು. ಚಪ್ಪಡಿ ಸರಿಸಿ ಬಹಳ ಹೊತ್ತು ಹಾಗೆಯೇ ಬಿಟ್ಟು, ಆಮೇಲೆ ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಡುತ್ತಿದ್ದರು. ದೀಪ ಆರಿದರೆ ಯಾರೂ ಇಳಿಯುವಂತಿಲ್ಲ, ಒಳಗಿನ ಕೆಟ್ಟ ಗಾಳಿ ಆಳನ್ನು ಕೊಲ್ಲುತ್ತದೆ. ಅದೇ ಗಾಳಿಯಲ್ಲಿ ಹುಳವೂ ಬದುಕುವುದಿಲ್ಲ. ರಾಗಿ ವರ್ಷಗಟ್ಟಲೆ ಕೆಡದೆ ಉಳಿಯುತ್ತಿದ್ದುದು ಇದರಿಂದ. ಅಂಚಿನ ಒಂದು ಗೇಣು ಕಪ್ಪಾಗಿ ಮುಗ್ಗಲು ನಾತ ಬರುತ್ತಿತ್ತು; ಅದು ದನಕ್ಕೆ, ಉಳಿದದ್ದು ಮನೆಗೆ.

ಧಾನ್ಯವನ್ನು ಹೀಗೆ ಕೂಡಿಡಲು ಬರುತ್ತದೆ, ಅಳೆಯಲು ಬರುತ್ತದೆ, ಹೊರಲು ಬರುತ್ತದೆ. ಒಂದೇ ಕಾಲಕ್ಕೆ ಮಾಗುತ್ತದೆ, ಕಣದಲ್ಲಿ ರಾಶಿಯಾಗಿ ಎಲ್ಲರ ಕಣ್ಣಿಗೂ ಬೀಳುತ್ತದೆ. ಹಾಗಾಗಿ ವಸೂಲಿಗೆ ಇದಕ್ಕಿಂತ ಅನುಕೂಲದ ಪದಾರ್ಥವಿಲ್ಲ. ಕಾಡಿನ ಗೆಡ್ಡೆಗೆಣಸಿಗೆ ಕಂದಾಯ ಹಾಕಿದ ರಾಜ ಸಿಗುವುದು ಕಷ್ಟ. ಇರಾಕಿನ ಉರುಕ್ ಪಟ್ಟಣದಲ್ಲಿ ಐದು ಸಾವಿರ ವರ್ಷಗಳಿಗೂ ಹಿಂದೆ ಮಣ್ಣಿನ ಹಲಗೆಗಳ ಮೇಲೆ ಬರವಣಿಗೆ ಹುಟ್ಟಿದಾಗ ಅಲ್ಲಿ ಗೀಚಿದ್ದು ಹೆಚ್ಚಿನಂಶ ಲೆಕ್ಕ: ಇಷ್ಟು ಬಾರ್ಲಿ ಬಂತು, ಇಷ್ಟು ಜನಕ್ಕೆ ಪಡಿ ಹೋಯಿತು. ಅಕ್ಷರ ಕಲಿತ ಮೊದಲಿಗರು ಶಾನುಭೋಗರು, ಕವಿಗಳು ಆಮೇಲೆ ಬಂದರು. ಧಾನ್ಯ ಬೆಳೆಯದೆ ಧಾನ್ಯ ತಿನ್ನುವ ರಾಜ, ಪುರೋಹಿತ, ಸೈನಿಕ, ಕಮ್ಮಾರ ಹುಟ್ಟಿಕೊಂಡದ್ದೂ ಆ ರಾಶಿಯ ಸುತ್ತಲೇ. ಮಗಳ ಪುಸ್ತಕದ ವಾಕ್ಯವನ್ನು ತಿದ್ದುವ ಅಧಿಕಾರ ನನಗಿದ್ದರೆ ‘ನಾಗರಿಕನಾದ’ ಎಂಬಲ್ಲಿ ‘ಕಂದಾಯ ಕಟ್ಟುವವನಾದ’ ಎಂದು ಬರೆಯುತ್ತಿದ್ದೆ. ಪರೀಕ್ಷೆಯಲ್ಲಿ ಅವಳು ಹಾಗೆ ಬರೆಯುವುದು ಬೇಡ. ನೆಲದಡಿಯ ನಮ್ಮ ಹಗೇವು ಬರಗಾಲಕ್ಕೆ ಎಷ್ಟು ಆಸರೆಯೋ, ದಂಡು ಬಂದಾಗ ಬಚ್ಚಿಡಲೂ ಅಷ್ಟೇ ಆಸರೆ.

ಈಗ ನೀರಿನ ಬಾಯಿ. ಕೋಲಾರ, ಚಿಕ್ಕಬಳ್ಳಾಪುರಗಳಲ್ಲಿ ವರ್ಷವಿಡೀ ಹರಿಯುವ ಹೊಳೆಯಿಲ್ಲ. ಪಾಲಾರ್, ಪಿನಾಕಿನಿಗಳು ಇಲ್ಲೇ ಹುಟ್ಟಿದರೂ ಇಲ್ಲಿಗೆ ಆಗುವಷ್ಟು ನೀರು ಕೊಡುವುದಿಲ್ಲ. ಆದ್ದರಿಂದ ನಮ್ಮ ಹಿಂದಿನವರು ಬಿದ್ದ ಮಳೆಗೇ ಏರಿ ಹಾಕಿದರು. ಎರಡೂ ಜಿಲ್ಲೆ ಒಂದಾಗಿದ್ದಾಗ ನಾಲ್ಕು ಸಾವಿರಕ್ಕೂ ಹೆಚ್ಚು ಕೆರೆಗಳಿದ್ದವು. ಒಂದರ ಕೋಡಿ ಹರಿದರೆ ಮುಂದಿನದಕ್ಕೆ ನೀರು, ಹೀಗೆ ಸರಪಣಿ. ಮೇಲಿನ ಊರು ಏರಿ ಎತ್ತರಿಸಿದರೆ ಕೆಳಗಿನ ಊರಿಗೆ ಕೋಡಿ ನೀರಿಲ್ಲ. ಕೆರೆಯೆಂದರೆ ಆಗಲೇ ನಾಲ್ಕು ಊರಿನ ರಾಜಕೀಯ.

ಕೆರೆ ಕಟ್ಟುವುದು ಎಷ್ಟು ದೊಡ್ಡ ಕೆಲಸವೆಂದು ನಮ್ಮ ನೆರೆಯ ಆಂಧ್ರದ ಕಡಪ ಜಿಲ್ಲೆಯ ಪೋರುಮಾಮಿಳ್ಳದ 1369ರ ಶಾಸನ ಹೇಳುತ್ತದೆ. ವಿಜಯನಗರದ ಭಾಸ್ಕರ ಎಂಬ ರಾಜಕುಮಾರ ಕಟ್ಟಿಸಿದ ಆ ಕೆರೆಗೆ ಎರಡು ವರ್ಷ ದಿನಕ್ಕೆ ಸಾವಿರ ಆಳು, ಕಲ್ಲು ಸಾಗಿಸಲು ನೂರು ಗಾಡಿ ದುಡಿದವು. ಒಳ್ಳೆಯ ಕೆರೆಗೆ ಬೇಕಾದ ಹನ್ನೆರಡು ಅಂಗಗಳನ್ನೂ ತಪ್ಪಿಸಬೇಕಾದ ಆರು ದೋಷಗಳನ್ನೂ ಅದರಲ್ಲಿ ಕೆತ್ತಿಸಿದ್ದಾರೆ. ಕಟ್ಟಿಸುವುದಕ್ಕಿಂತ ಕಷ್ಟ ಉಳಿಸಿಕೊಳ್ಳುವುದು. ನಮ್ಮ ಶಾಸನಗಳಲ್ಲಿ ಬಿತ್ತುವಟ್ಟ, ದಶವಂದ, ಕೆರೆಗೊಡಗೆ ಎಂಬ ಮಾತುಗಳು ಮತ್ತೆ ಮತ್ತೆ ಬರುವುದು ಅದಕ್ಕೇ. ಕೆರೆ ಕಟ್ಟಿದವರಿಗೆ, ಹೂಳು ತೆಗೆದು ಏರಿ ನೋಡಿಕೊಂಡವರಿಗೆ ಬಿಟ್ಟ ಭೂಮಿ ಮತ್ತು ಫಸಲಿನ ಪಾಲು ಅವು.

ಕೆರೆಯ ನೀರನ್ನು ಗದ್ದೆಗೆ ಬಿಡುವ ತೂಬಿನ ಗೂಟ ಎತ್ತುವ ಹಕ್ಕು ನೀರಗಂಟಿಯದು. ಯಾವ ಗದ್ದೆಗೆ ಯಾವ ದಿನ ಎಷ್ಟು ಹೊತ್ತು ನೀರು ಎಂಬುದು ಅವನ ಬಾಯಿಲೆಕ್ಕ. ಕೆರೆ ಅರೆಬರೆ ತುಂಬಿದ ವರ್ಷ ಅಚ್ಚುಕಟ್ಟಿನಲ್ಲಿ ಎಷ್ಟಕ್ಕೆ ನಾಟಿ ಎಂದು ಊರವರು ಮೊದಲೇ ಕೂತು ತೀರ್ಮಾನಿಸಬೇಕಿತ್ತು. ನೀರಗಂಟಿಗೆ ಸಂಬಳವಿಲ್ಲ. ಕಮ್ಮಾರ, ಬಡಗಿ, ಅಗಸ, ತಳವಾರರ ಹಾಗೆ ಅವನೂ ಆಯಗಾರ. ಕಣದಲ್ಲಿ ರಾಶಿ ಮಾಡಿದ ದಿನ ಅವನ ಪಾಲಿನ ಮೊರ ತುಂಬಬೇಕು. ಇದನ್ನು ಸಹಬಾಳ್ವೆಯ ಸುವರ್ಣಯುಗ ಎಂದು ಬರೆಯುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಕೋಲಾರದ ಕಡೆ ನೀರಗಂಟಿಗಳು ಬಹುಪಾಲು ದಲಿತ ಕುಟುಂಬದವರು. ಎಲ್ಲರ ಗದ್ದೆಗೂ ನೀರು ಹಾಯಿಸಿದವರು. ಅಚ್ಚುಕಟ್ಟಿನ ಒಳ್ಳೆಯ ಗದ್ದೆ ಮಾತ್ರ ಹೆಚ್ಚಾಗಿ ಬೇರೆಯವರದು. ಕೆರೆ ಊರನ್ನು ಒಟ್ಟಿಗೆ ಹಿಡಿದಿಟ್ಟಿತು ಎಂಬುದೂ ನಿಜ, ಯಾರನ್ನು ಎಲ್ಲಿ ಹಿಡಿದಿಟ್ಟಿತು ಎಂಬುದೂ ನಿಜ.

ನೇಗಿಲಿನ ಬಗ್ಗೆಯೂ ಒಂದು ಮಾತು ಹೇಳಿ ಮುಂದೆ ಹೋಗುತ್ತೇನೆ. ಗುದ್ದಲಿ ಬೇಸಾಯದಲ್ಲಿ ಹೆಂಗಸರ ಕೈ ಮೇಲಿತ್ತು, ಎತ್ತು ನೇಗಿಲು ಬಂದಲ್ಲಿ ಹೊಲ ಗಂಡಸರ ಕೈಗೆ ಹೋಯಿತು ಎಂದು ಡೆನ್ಮಾರ್ಕಿನ ಅರ್ಥಶಾಸ್ತ್ರಜ್ಞೆ ಎಸ್ಟರ್ ಬೋಸರಪ್ 1970ರಲ್ಲಿ ವಾದಿಸಿದರು. ಪೂರ್ತಿ ಒಪ್ಪದವರಿದ್ದಾರೆ. ಆದರೆ ಕಳೆ ತೆಗೆಯುವ, ನಾಟಿ ಹಾಕುವ ಕೆಲಸವೆಲ್ಲ ಹೆಂಗಸರದಾಗಿರುವ ನಮ್ಮಲ್ಲಿ ಪಹಣಿಯಲ್ಲಿ ಯಾರ ಹೆಸರಿದೆ ಎಂದು ನೋಡಿದರೆ ಆ ವಾದವನ್ನು ತಳ್ಳಿಹಾಕುವುದು ಕಷ್ಟ.

ಮುಂದಿನ ದೊಡ್ಡ ತಿರುವು ನಿಮ್ಮ ಟೊಮೆಟೊದ್ದೇ. 1492ರಲ್ಲಿ ಕೊಲಂಬಸ್ ಅಮೆರಿಕ ಮುಟ್ಟಿದ ಮೇಲೆ ಅಲ್ಲಿನ ಮೆಣಸಿನಕಾಯಿ, ಆಲೂಗಡ್ಡೆ, ಟೊಮೆಟೊ, ಮುಸುಕಿನ ಜೋಳ, ಕಡಲೆಕಾಯಿ ಎಲ್ಲ ಕಡೆ ಹರಡಿದವು. ಅದಕ್ಕೆ ಮುಂಚೆ ನಮ್ಮ ಸಾರಿಗೆ ಖಾರ ಬರುತ್ತಿದ್ದುದು ಮೆಣಸಿನಿಂದ, ಈಗ ಕಾಳುಮೆಣಸು ಎನ್ನುತ್ತೇವಲ್ಲ, ಅದರಿಂದ. ಹೊಸ ಕಾಯಿ ಬಂದಾಗ ಹಳೆಯ ಹೆಸರನ್ನೇ ಎಳೆದು ‘ಮೆಣಸಿನ ಕಾಯಿ’ ಎಂದರು. ಜೋಳದ ಹೆಸರು ಮುಸುಕಿನ ಜೋಳಕ್ಕೆ, ಕಡಲೆಯ ಹೆಸರು ಕಡಲೆಕಾಯಿಗೆ. ಕನ್ನಡದಲ್ಲೇ ಆ ಹಡಗುಗಳ ಗುರುತು ಉಳಿದಿದೆ. ಯುರೋಪಿನಲ್ಲಿ ಆಲೂಗಡ್ಡೆ ಹೊಟ್ಟೆ ತುಂಬಿಸಿ ಜನಸಂಖ್ಯೆ ಏರಿಸಿತು. ಐರ್ಲೆಂಡಿನ ಬಡವರು ಹೆಚ್ಚುಕಡಿಮೆ ಒಂದೇ ತಳಿಯನ್ನು ನೆಚ್ಚಿಕೊಂಡಿದ್ದರು. 1845ರಿಂದ ಅಂಗಮಾರಿ ತಗುಲಿದಾಗ ಸುಮಾರು ಹತ್ತು ಲಕ್ಷ ಜನ ಸತ್ತರು, ಅಷ್ಟೇ ಜನ ದೇಶ ಬಿಟ್ಟರು. ನಿಮ್ಮ ಟೊಮೆಟೊ ಎಲೆ ಒಂದೇ ರಾತ್ರಿಯಲ್ಲಿ ಸುಟ್ಟಂತಾಗಿಸುವ ಅಂಗಮಾರಿಯೂ ಅದೇ ರೋಗಾಣುವಿನದು. ಇಂಗ್ಲೆಂಡಿನಲ್ಲಿ ಆ ಹೊತ್ತಿಗಾಗಲೇ ಊರೊಟ್ಟಿನ ಹುಲ್ಲುಗಾವಲಿಗೆ ಬಹುಪಾಲು ಬೇಲಿ ಬಿದ್ದಿತ್ತು. ಮೇಯಿಸಲು ಜಾಗವಿಲ್ಲದೆ ಒಕ್ಕಲೆದ್ದವರು ಕಾರ್ಖಾನೆಗಳಿಗೆ ಕೂಲಿಗಳಾದರು.

ಕಾಳಿನ ಬಾಯಿ ದೂರದವರ ಕೈಗೆ ಹೋದರೆ ಏನಾಗುತ್ತದೆಂದು ನಮ್ಮವರು 1876ರಿಂದ 1878ರ ಧಾತು ಈಶ್ವರ ಬರದಲ್ಲಿ ಕಂಡರು. ಮೈಸೂರು ಸಂಸ್ಥಾನದ ಜನಗಣತಿ 1871ರಲ್ಲಿ ಐವತ್ತು ಲಕ್ಷ ದಾಟಿತ್ತು. 1881ರಲ್ಲಿ ಅದು ಸುಮಾರು 42 ಲಕ್ಷ. ಮಳೆ ಕೈಕೊಟ್ಟದ್ದು ನಿಜ. ಅದೇ ವರ್ಷಗಳಲ್ಲಿ ಇಂಡಿಯಾದ ಗೋಧಿ ಹಡಗೇರಿ ಇಂಗ್ಲೆಂಡಿಗೆ ಹೋಗುತ್ತಿದ್ದುದೂ ನಿಜ.

ಇಪ್ಪತ್ತನೆಯ ಶತಮಾನ ಗೊಬ್ಬರದ್ದು. ಗಾಳಿಯಲ್ಲಿರುವ ಸಾರಜನಕವನ್ನು ಹಿಡಿದು ಅಮೋನಿಯ ಮಾಡುವ ದಾರಿಯನ್ನು ಜರ್ಮನಿಯ ಫ್ರಿಟ್ಜ್ ಹೇಬರ್ 1909ರಲ್ಲಿ ತೋರಿಸಿದ, ಕಾರ್ಲ್ ಬಾಷ್ 1913ಕ್ಕೆ ಅದನ್ನು ಕಾರ್ಖಾನೆಗೆ ತಂದ. ನಿಮ್ಮ ಯೂರಿಯಾ ಚೀಲ ಅದರ ಮಗುವೇ. ಆದರೆ ಎತ್ತರದ ಹಳೆ ತಳಿಗಳಿಗೆ ಯೂರಿಯಾ ಹಾಕಿದರೆ ತೆನೆಯ ಭಾರಕ್ಕೆ ಬೆಳೆ ಮಲಗುತ್ತಿತ್ತು. ಅಮೆರಿಕದ ವಿಜ್ಞಾನಿ ನಾರ್ಮನ್ ಬೋರ್ಲಾಗ್ ಗಿಡ್ಡ ಗೋಧಿ ತಂದದ್ದು ಅದಕ್ಕೆ ಮದ್ದಾಗಿ. 1966ರಲ್ಲಿ ಮೆಕ್ಸಿಕೋದಿಂದ 18,000 ಟನ್ ಬಿತ್ತನೆ ಬೀಜ ಇಂಡಿಯಾಕ್ಕೆ ಬಂತು. ಹಸಿರು ಕ್ರಾಂತಿ ಎಂದರೆ ಪಂಜಾಬಿನ ಗೋಧಿ ಎಂದಷ್ಟೇ ಹೇಳಿಕೊಟ್ಟಿರುತ್ತಾರೆ. ನಮ್ಮ ರಾಗಿಯ ಕಥೆಯೂ ಇದೆ, ನನಗೆ ಅದು ಹೆಚ್ಚು ಇಷ್ಟ. ಮಂಡ್ಯದ ವಿ.ಸಿ. ಫಾರಂ ಎಂಬ ಕೃಷಿ ಸಂಶೋಧನಾ ಕೇಂದ್ರದಲ್ಲಿ ದುಡಿದ ‘ರಾಗಿ ಲಕ್ಷ್ಮಣಯ್ಯ’ನವರು ಇಲ್ಲಿನ ರಾಗಿಗೂ ಆಫ್ರಿಕಾದ ರಾಗಿಗೂ ಸಂಕರ ಮಾಡಿ ಇಂಡಾಫ್ ತಳಿಗಳನ್ನು ಕೊಟ್ಟರು. ಇಂಡಿಯಾದ ‘ಇಂಡ್’, ಆಫ್ರಿಕಾದ ‘ಆಫ್’. ಸಾವಿರಾರು ವರ್ಷಗಳ ಹಿಂದೆ ಬೇರೆಯಾಗಿದ್ದ ದಾಯಾದಿಗಳು ಮಂಡ್ಯದಲ್ಲಿ ಬೀಗರಾದವು. ರಾಗಿಯ ತೆನೆಯಲ್ಲಿ ಹೂ ಎಷ್ಟು ಸಣ್ಣದೆಂದರೆ ಸಂಕರ ಮಾಡುವುದು ಸೂಜಿ ದಾರ ಪೋಣಿಸುವುದಕ್ಕಿಂತ ಸೂಕ್ಷ್ಮದ ಕೆಲಸ.

ಆದರೂ ನಿಮ್ಮ ಊರನ್ನು ಬದಲಿಸಿದ್ದು ಇಂಡಾಫ್ ಅಲ್ಲ, ಕೊಳವೆಬಾವಿ. ಅದೂ ಬೀಜದ ಕಥೆಯಲ್ಲ, ಬಾಯಿಯ ಕಥೆ. ಕೊರೆಯುವ ಲಾರಿ ಊರಿಗೆ ಬಂದ ರಾತ್ರಿ ನಿಮಗೂ ನೆನಪಿರಬಹುದು. ತೆಂಗಿನಕಾಯಿ ಅಂಗೈ ಮೇಲೆ ಎದ್ದು ನಿಂತ ಜಾಗಕ್ಕೆ ಪೂಜೆ. ಮೊದಲು ಕೆಂಪು ಧೂಳು, ಆಮೇಲೆ ಬೂದು ಬಣ್ಣದ ಕಲ್ಲುಹಿಟ್ಟು. ಪೈಪಿನ ಮೇಲೆ ಪೈಪು ಇಳಿಯುತ್ತಿದ್ದಂತೆ ಮನೆಯವರೆಲ್ಲ ಮುಖಕ್ಕೆ ಸೆರಗು, ಟವೆಲು ಮುಚ್ಚಿ ನಿಂತು ಅಡಿ ಎಣಿಸುತ್ತಾರೆ. ಅಡಿಗೆ ಇಷ್ಟು ಎಂದು ದುಡ್ಡು. ಮೂವತ್ತು ನಲವತ್ತು ಅಡಿಗೆ ಬಾವಿಯಲ್ಲಿ ನೀರು ಕಂಡಿದ್ದ ಸೀಮೆಯಲ್ಲಿ ಈಗ 1,200, 1,500 ಅಡಿ ಎಂದರೂ ಯಾರೂ ಬೆಚ್ಚುವುದಿಲ್ಲ. ನೀರು ಬಿದ್ದವನಿಗೆ ಕೆರೆಯ ಹಂಗು ಹರಿಯಿತು. ನೀರಗಂಟಿಯ ಬಾಯಿಲೆಕ್ಕದ ಜಾಗಕ್ಕೆ ಸ್ವಂತ ಸ್ಟಾರ್ಟರ್ ಪೆಟ್ಟಿಗೆ ಬಂತು. ನೀರಿಗಾಗಿ ಯಾರ ಮುಂದೆಯೂ ಕೈಕಟ್ಟಬೇಕಿಲ್ಲ ಎಂಬುದು ಸಣ್ಣ ಬಿಡುಗಡೆಯಲ್ಲ, ಅದನ್ನು ನಾನು ಹಳಿಯುವುದಿಲ್ಲ. ಆದರೆ ಹೂಳೆತ್ತಲು ಬರುವವರಿಲ್ಲದೆ ಕೆರೆಯಂಗಳದಲ್ಲಿ ಜಾಲಿ ಎದ್ದಿತು, ಗೋಮಾಳಕ್ಕೆ ನೀಲಗಿರಿ ಬಂತು, ಆಳದ ನೀರಿನೊಂದಿಗೆ ಫ್ಲೋರೈಡ್ ಮೇಲೆ ಬಂತು. ಎಲ್ಲರ ಬಾಯಿಯೂ ಬೇರೆಬೇರೆ, ಕೆಳಗಿನ ನೀರು ಮಾತ್ರ ಒಂದೇ.

ನಿಮ್ಮ ಅಪ್ಪ ಹಿಪ್ಪುನೇರಳೆ ಹಾಕಿದ್ದು ಜಾಣತನ. ವರ್ಷಕ್ಕೆ ಒಂದು ಸುಗ್ಗಿಯ ಬದಲು ಐದಾರು ಬೆಳೆ, ಶಿಡ್ಲಘಟ್ಟದ ಗೂಡಿನ ಮಾರುಕಟ್ಟೆಯಲ್ಲಿ ಕೈಗೆ ನಗದು. ನಾಲ್ಕನೇ ಜ್ವರದಿಂದ, ಅಂದರೆ ಪೊರೆ ಬಿಡುವ ನಿದ್ದೆಯಿಂದ, ಎದ್ದ ರೇಷ್ಮೆ ಹುಳುವಿಗೆ ಹಗಲು ರಾತ್ರಿ ಸೊಪ್ಪು ಹಾಕಿ ನಿದ್ದೆಗೆಟ್ಟವರು ನಿಮ್ಮ ತಾಯಿ ಎಂಬುದನ್ನು ಬಲ್ಲಿರಿ, ನೆನಪಿಸುತ್ತೇನೆ ಅಷ್ಟೇ.

ಟೊಮೆಟೊಗೆ ಬಂದರೆ ಹಗೇವೂ ಇಲ್ಲ, ಕಣಜವೂ ಇಲ್ಲ. ಮೂರು ದಿನ ತಡೆದರೆ ಕೊಳೆಯುತ್ತದೆ. ರಾಗಿ ಬೆಳೆದವನು ಬೆಲೆ ಬರಲಿ ಎಂದು ಚಪ್ಪಡಿ ಮುಚ್ಚಿ ಕಾಯಬಲ್ಲ. ನೀವು ಕಾಯಲಾರಿರಿ. 2023ರ ಜುಲೈಯಲ್ಲಿ ಕೋಲಾರದಲ್ಲಿ 15 ಕೆ.ಜಿ. ಬಾಕ್ಸ್ ಎರಡು ಸಾವಿರ ರೂಪಾಯಿ ದಾಟಿದಾಗ ತೋಟಕ್ಕೆ ರಾತ್ರಿ ಕಾವಲು ಹಾಕಿದರು. ಬಿಡಿಸಿದ ಕೂಲಿಯೂ ಹುಟ್ಟದೆ ರಸ್ತೆಗೆ ಸುರಿದ ವರ್ಷಗಳನ್ನೂ ಅದೇ ರೈತರು ಕಂಡಿದ್ದಾರೆ. ಇಲ್ಲಿ ಬಾಯಿ ತೆರೆಯುವವರು ಹರಾಜು ಕಟ್ಟೆಯಲ್ಲಿದ್ದಾರೆ, ಅವರ ಹಿಂದೆ ದೂರದ ಪಟ್ಟಣಗಳ ವ್ಯಾಪಾರಿಗಳಿದ್ದಾರೆ. ನೀರಿನದೂ ಅದೇ ದಾರಿ ಹಿಡಿದಿದೆ: 2018ರಿಂದ ಬೆಂಗಳೂರಿನ ಕೊಳಚೆ ನೀರನ್ನು ಶುದ್ಧೀಕರಿಸಿ ಕೆ.ಸಿ. (ಕೋರಮಂಗಲ-ಚಲ್ಲಘಟ್ಟ) ವ್ಯಾಲಿ ಯೋಜನೆಯಲ್ಲಿ ಕೋಲಾರದ ಕೆರೆಗಳಿಗೆ ಬಿಡುತ್ತಿದ್ದಾರೆ. ಬತ್ತಿದ್ದ ಬಾವಿಗಳಲ್ಲಿ ನೀರು ಕಂಡವರಿದ್ದಾರೆ, ಆ ಶುದ್ಧೀಕರಣ ಸಾಲದು ಎಂದು ಜಗಳವಾಡುವವರೂ ಇದ್ದಾರೆ. ಕೆರೆ ನಿಮ್ಮೂರಿನದು, ತೂಬು ಮಾತ್ರ ಬೆಂಗಳೂರಿನಲ್ಲಿ.

ಪಾವಗಡದ ಸೋಲಾರ್ ಪಾರ್ಕ್‌ನಲ್ಲಿ ಸುಮಾರು 13,000 ಎಕರೆಯನ್ನು ರೈತರು ವರ್ಷಕ್ಕೆ ಎಕರೆಗೆ 21,000 ರೂಪಾಯಿಯ ಲೆಕ್ಕದಲ್ಲಿ ಗುತ್ತಿಗೆಗೆ ಕೊಟ್ಟರು. ಕಡಲೆಕಾಯಿ ಮಳೆ ನೋಡಿ ಕೂರುವ ಬದಲು ಬಿಸಿಲಿಗೇ ಬಾಡಿಗೆ. ಪಹಣಿ ಇದ್ದವನಿಗೆ ಇದು ನೆಮ್ಮದಿ. ಆ ಹೊಲಗಳಲ್ಲಿ ಕಡಲೆಕಾಯಿ ಕೀಳುತ್ತಿದ್ದ ಕೂಲಿಯವಳಿಗೆ, ಕೊಯ್ದ ಮೇಲೆ ಕುರಿ ಮೇಯಿಸುತ್ತಿದ್ದವನಿಗೆ ಆ ಬಾಡಿಗೆಯಲ್ಲಿ ಪಾಲಿಲ್ಲ. ಅದನ್ನು ನೋಡಿದಾಗ ನನಗೆ ಇಂಗ್ಲೆಂಡಿನ ಬೇಲಿ ನೆನಪಾಯಿತು.

ಒಳ್ಳೆಯದೋ ಕೆಟ್ಟದೋ ಎಂದು ಕೇಳಿದಿರಿ. ಮಗಳು ಎಂಟನೇ ತರಗತಿ ಓದುತ್ತಿರುವುದಕ್ಕೆ ಹಾಲು, ರೇಷ್ಮೆ, ಟೊಮೆಟೊದ ದುಡ್ಡೇ ಕಾರಣವಿರಬೇಕು. ನಿಮ್ಮ ತಾತನ ಅಕ್ಕ ತಂಗಿಯರು ಓದಿರಲಿಕ್ಕಿಲ್ಲ. ನಾನಾದರೆ ಹಿಂದಕ್ಕೆ ಹೋಗೆನ್ನುವುದಿಲ್ಲ. ಟೊಮೆಟೊ ಜೊತೆಗೆ ಒಂದೆರಡು ಎಕರೆಯನ್ನಾದರೂ ಕೂಡಿಡಲು ಬರುವ ಬೆಳೆಗೆ ಬಿಡಿ ಎನ್ನುತ್ತೇನೆ, ಬೆಲೆಗಾಗಿ ಕಾಯುವ ಶಕ್ತಿ ಅಷ್ಟರಲ್ಲಿ ಉಳಿಯುತ್ತದೆ.

ಕಡೆಯದಾಗಿ, ಚರಿತ್ರೆಗೆ ಸೇರದ ಒಂದು ಎಚ್ಚರಿಕೆ. ಹಳೆಯ ಮನೆಯ ಮುಂದೆ ಹಗೇವು ಎಲ್ಲಿತ್ತೆಂದು ಊರಿನ ಹಿರಿಯರನ್ನು ಇವತ್ತೇ ಕೇಳಿಟ್ಟುಕೊಳ್ಳಿ. ನಮ್ಮ ಅಜ್ಜಿಯ ಮನೆಯದನ್ನು ಎಲ್ಲರೂ ಮರೆತಿದ್ದೆವು. ಒಂದು ಮಳೆಗಾಲ ಟೊಮೆಟೊ ಕ್ರೇಟು ತುಂಬಿದ ಟ್ರ್ಯಾಕ್ಟರ್ ಟ್ರೇಲರು ಅದರ ಮೇಲೆ ನಿಂತಿತು, ಹಿಂದಿನ ಚಕ್ರ ನೆಲದೊಳಕ್ಕೆ ಇಳಿದುಹೋಯಿತು. ಮೇಲೆತ್ತಲು ಜೆಸಿಬಿ ಬರುವಷ್ಟರಲ್ಲಿ ಸಂಜೆಯಾಗಿತ್ತು, ಮಂಡಿ ಮುಗಿದಿತ್ತು. ಗುಂಡಿಯ ಅಂಚಿನಲ್ಲಿ ಕಪ್ಪಗಾದ ಒಂದು ಹಿಡಿ ರಾಗಿ ಇನ್ನೂ ಅಂಟಿಕೊಂಡಿತ್ತು.